ಯಥಾಸ್ಥಿತಿಯ ಕೊಳದಲ್ಲಿ ವಾಸವಿರುವ ಕಪ್ಪೆಯವರಿಗೆ

ನಗರಸಭೆಯ ಈಜುಕೊಳದ ಆಳದ ತುದಿಯಲ್ಲಿ ಸಕುಟುಂಬ ನೆಲೆಸಿರುವ, ಹಸಿರು ಮೈಬಣ್ಣದ, ಗಂಭೀರ ಕಂಠದ ಕಪ್ಪೆ ಮಹಾಶಯರಿಗೆ, ಅದೇ ಕೊಳಕ್ಕೆ ಜೀವರಕ್ಷಕಿಯಾಗಿ ಆಯ್ಕೆಯಾಗಿ ಗೇಟಿನ ಹೊರಗೇ ಉಳಿದವಳ ಅನಂತ ವಂದನೆಗಳು.

ಮಾನ್ಯರೇ,

ತಾವು ಕ್ಷೇಮವೆಂದು ಬಲ್ಲೆ. ಪ್ರತಿ ಸಂಜೆ ಗೇಟಿಗೆ ಆತುಕೊಂಡು ತಮ್ಮ ಗಾಯನವನ್ನು ಕೇಳುತ್ತೇನೆ. ನಮ್ಮ ನಡುವೆ ವೈಯಕ್ತಿಕ ದ್ವೇಷವೇನೂ ಇಲ್ಲ. ಆದರೂ ನ್ಯಾಯಾಲಯದ ಮಧ್ಯಂತರ ಆದೇಶದಿಂದ ಇಡೀ ಊರಿನಲ್ಲಿ ಉದ್ಧಾರವಾದ ಏಕೈಕ ಜೀವಿ ತಾವೇ ಆಗಿರುವುದರಿಂದ, ನನ್ನ ದೂರನ್ನು ತಮ್ಮ ನಾಲ್ಕೂ ಪಾದಗಳಲ್ಲಿ ಇಡುತ್ತಿದ್ದೇನೆ.

ನೀರಿಗೆಸೆದ ಬೊಂಬೆಯನ್ನು ಎಲ್ಲರಿಗಿಂತ ಬೇಗ ದಡ ಸೇರಿಸಿದವಳು ನಾನೆಂದು ಆಯ್ಕೆ ಪಟ್ಟಿ ಹೇಳಿತು. ನನ್ನ ಸರದಿಯಲ್ಲಿ ಸ್ಟಾಪ್‌ವಾಚ್ ಹಿಡಿದವರು ಆಕಳಿಸುತ್ತಿದ್ದರು, ಶುರುವಿನ ಗುಂಡಿ ತಡವಾಗಿ ಒತ್ತಿದರು ಎಂದು ಪಟ್ಟಿಯ ಎರಡನೆಯವನು ಕೋರ್ಟಿಗೆ ಹೋದ. ಅಂದಿನಿಂದ ನಮ್ಮ ಮನೆಯಲ್ಲಿ ಅವನ ಹೆಸರೇ ಸ್ಟಾಪ್‌ವಾಚ್. ಕೋರ್ಟು ನನ್ನ ನೇಮಕಕ್ಕೆ ಮಧ್ಯಂತರ ತಡೆ ಕೊಟ್ಟಿತು. ನಾನು ಮೇಲ್ಮನವಿ ಹಾಕಿ ತಡೆಯನ್ನು ತೆರವು ಮಾಡಿಸಿದೆ. ಅವನು ಆ ತೆರವಿನ ಮೇಲೆ ಮೇಲ್ಮನವಿ ಹಾಕಿ, ಅಂತಿಮ ತೀರ್ಪಿನವರೆಗೆ ಯಥಾಸ್ಥಿತಿ ಕಾಪಾಡಬೇಕೆಂಬ ಇನ್ನೊಂದು ಮಧ್ಯಂತರ ಆದೇಶ ತಂದ. ಈಗ ಅದರ ಮೇಲೆ ನನ್ನದೊಂದು ಮೇಲ್ಮನವಿ ಇದೆ. ಆ ಆಕಳಿಕೆಯ ಬಗ್ಗೆ ಮಾತ್ರ ಇದುವರೆಗೆ ಯಾವ ನ್ಯಾಯಪೀಠದ ಮುಂದೆಯೂ ಯಾರೂ ಬಾಯಿ ತೆರೆದಿಲ್ಲ.

ಯಥಾಸ್ಥಿತಿ ಬೇಕಾಗಿದ್ದದ್ದು ನೇಮಕಕ್ಕೆ. ಆದರೆ ಆದೇಶ ಬಂದ ದಿನ ತೊಳೆಯಲೆಂದು ಕೊಳವನ್ನು ಅರ್ಧ ಖಾಲಿ ಮಾಡಿದ್ದರು, ನಮ್ಮ ಮೇಲ್ವಿಚಾರಕರೋ ಕಾನೂನೆಂದರೆ ನಡುಗುವವರು. "ಇದ್ದದ್ದು ಇದ್ದ ಹಾಗೇ ಇರ್ಬೇಕು ನೋಡಮ್ಮ. ಒಂದು ಬಕೆಟ್ ನೀರು ತೆಗೆದ್ರೂ ನ್ಯಾಯಾಂಗ ನಿಂದನೆ, ಹಾಕಿದ್ರೂ ನಿಂದನೆ" ಎಂದು ಪಂಪಿನ ಕೋಣೆಗೆ ಬೀಗ ಜಡಿದರು. ನೀರು ಹಸಿರಾಯಿತು, ಪಾಚಿ ಬಂತು, ಹಿಂದೆಯೇ ತಾವು ಬಂದಿರಿ. ಅರ್ಜಿಯಿಲ್ಲದೆ, ಸಂದರ್ಶನವಿಲ್ಲದೆ ಕಾಯಂ ಆದ ತಮ್ಮ ಅರ್ಹತೆಯ ಬಗ್ಗೆ ಎರಡು ಮಾತಿಲ್ಲ: ಈಜು ಬಲ್ಲಿರಿ, ರಜೆ ಕೇಳುವುದಿಲ್ಲ, ತಮ್ಮ ಮೇಲೆ ದಾವೆ ಹೂಡುವವರೂ ಇಲ್ಲ.

ನನ್ನ ವಯಸ್ಸು ಮಾತ್ರ ಯಥಾಸ್ಥಿತಿಯ ಮಾತು ಕೇಳುತ್ತಿಲ್ಲ. ಆಯ್ಕೆ ರದ್ದಾಗಿ ಬರುವ ವರ್ಷ ಹೊಸದಾಗಿ ಅರ್ಜಿ ಕರೆದರೆ ನಾನು ವಯೋಮಿತಿ ದಾಟಿರುತ್ತೇನೆ, ನೀರಿನ ಕೆಲಸ ಬಿಟ್ಟು ಬೇರೆ ಕೆಲಸ ನನಗೆ ಬಾರದು, ಬೇಕಾಗಿಯೂ ಇಲ್ಲ. ಅಮ್ಮ ಕೇಳಿದವರಿಗೆಲ್ಲ "ಕೆಲ್ಸ ಸಿಕ್ಕಿದೆ, ಹೋಗೋದೊಂದೇ ಬಾಕಿ" ಎನ್ನುತ್ತಾಳೆ. ಅದನ್ನು ಕೇಳಿದಾಗಲೆಲ್ಲ ನಾನು ಚಪ್ಪಲಿ ಮೆಟ್ಟಿ ಈ ಗೇಟಿನ ಕಡೆ ಹೊರಡುತ್ತೇನೆ.

ಹೋದ ವಾರ ನಡೆದದ್ದನ್ನು ತಾವೇ ಕಣ್ಣಾರೆ ಕಂಡಿದ್ದೀರಿ. ನೀರಿನ ಮಟ್ಟ ಬದಲಾಗಿಲ್ಲವೆಂದು ಕೋರ್ಟಿನಲ್ಲಿ ಪ್ರಮಾಣ ಮಾಡಲು ಮೇಲ್ವಿಚಾರಕರು ಟೇಪು ಹಿಡಿದು ಬಗ್ಗಿದರು, ಪಾಚಿಯ ಮೇಲೆ ಜಾರಿದರು, ಸೀದಾ ತಮ್ಮ ಮನೆಯಂಗಳಕ್ಕೆ ಬಿದ್ದರು. ಈಜುಕೊಳದ ಮೇಲ್ವಿಚಾರಕರಿಗೆ ಈಜು ಬಾರದು. ಗೇಟು ಹತ್ತಿ ನಾನು, ಗೋಡೆ ಹಾರಿ ಸ್ಟಾಪ್‌ವಾಚ್ (ಅವನೂ ದಿನಾ ಬಂದು ಕೂರುತ್ತಾನೆ, ಪಾಪ), ಇಬ್ಬರೂ ನೀರಿಗೆ ಧುಮುಕಿದೆವು. ಮೊದಲು ಕಾಲರಿಗೆ ಒಂದು ಕೈ ಬಿತ್ತು, ಆಮೇಲೆ ತೋಳಿಗೆ ಇನ್ನೊಂದು. ದಡದಲ್ಲಿ ನೀರು ಕಕ್ಕಿ ಉಸಿರಾಡಿದವರೇ, "ನಾನೇ ಎದ್ದು ಬಂದೆ ಅಂತ ಬರೀತೀನಿ. ನೀವು ಎತ್ತಿದ್ರಿ ಅಂದ್ರೆ ಕೆಲ್ಸಕ್ಕೆ ತಗೊಂಡ ಹಾಗಾಗುತ್ತೆ" ಎಂದರು. ಸ್ಟಾಪ್‌ವಾಚ್ ನನ್ನ ಮುಖ ನೋಡಿದ, ನಾನು ಅವನ ಮುಖ ನೋಡಿದೆ, ಇಬ್ಬರಿಗೂ ನಗು ತಡೆಯಲಾಗಲಿಲ್ಲ.

ಆದ್ದರಿಂದ ತಾವು ದಯಮಾಡಿ ಪ್ರಕರಣದಲ್ಲಿ ಸೇರಿಕೊಂಡು, ಸಾಧ್ಯವಾದರೆ ಮೈ ಒರೆಸಿಕೊಂಡು, ಕಟಕಟೆ ಹತ್ತಿ, ಈ ಊರಿನಲ್ಲಿ ಮುಳುಗುವವರನ್ನು ಎತ್ತಬಲ್ಲವರು ಇಬ್ಬರಿದ್ದಾರೆಂದೂ, ಕೊಳಕ್ಕೂ ಎರಡು ತುದಿಗಳಿವೆಯೆಂದೂ ತಮ್ಮ ಗಂಭೀರ ಕಂಠದಲ್ಲಿ ಸಾಕ್ಷಿ ನುಡಿಯಬೇಕಾಗಿ ಪ್ರಾರ್ಥನೆ. ತಮಗೆ ಆಳವಿಲ್ಲದ ತುದಿಯ ಪಕ್ಕದ ಚರಂಡಿಯಲ್ಲಿ ಪರ್ಯಾಯ ವಸತಿ ಒದಗಿಸುವ ಹೊಣೆ ನನ್ನದು.

ಮುಂದಿನ ಆದೇಶದವರೆಗೆ
ತಮ್ಮ ವಿಶ್ವಾಸಿ,
ಪಟ್ಟಿಯ ಒಂದನೆಯವಳು

ವಿ.ಸೂ.: ಪಾಟೀಸವಾಲಿನಲ್ಲಿ ಕಾಲರ್ ಹಿಡಿದವರು ಯಾರು ಎಂದು ಯಾರಾದರೂ ಕೇಳಿದರೆ, ತಾವು ಉತ್ತರಿಸದೆ ಹತ್ತಿರದ ನೀರಿನಲ್ಲಿ ಮುಳುಗಿಬಿಡಬೇಕು. ನಾನು ಹಿಡಿದದ್ದು ತೋಳು.