ಟಿಕೆಟ್ ತೆಗೆದುಕೊಂಡು ನಮ್ಮಪ್ಪನ ಕಥೆ ಕೇಳಿದ್ದು

೧. ಅರ್ಧ ಗಡ್ಡ

"ನಿಮ್ಮಪ್ಪಾರು ಕಳ್ಳರಂತಲ್ಲ ಸಾ" ಎಂದ ಕ್ಷೌರದವನು.

ಅರ್ಧ ಗಡ್ಡ ಹೆರೆದಾಗಿತ್ತು. ಇನ್ನರ್ಧಕ್ಕೆ ಸೋಪು ಹಚ್ಚಿದ್ದ. ಕತ್ತಿ ನನ್ನ ಗಂಟಲ ಹತ್ತಿರ ಇತ್ತು.

ಅವನ ಊರು ಗುಂಡ್ಲುಪೇಟೆ. ನನ್ನದೂ ಅದೇ. ನಾನು ಕೆಲಸಕ್ಕೆಂದು ಚಾಮರಾಜನಗರಕ್ಕೆ ಬಂದು ಇಲ್ಲೇ ಉಳಿದೆ. ಅವನು ಅಂಗಡಿ ಇಟ್ಟು ಉಳಿದ. ಹೋದ ಭಾನುವಾರ ಊರಿಗೆ ಹೋಗಿದ್ದಾಗ ಕಣ್ಣಾರೆ ಕಂಡದ್ದನ್ನು ಹೇಳಿದ. ಹೊರಗಿನಿಂದ ಬಂದ ಗೈಡೊಬ್ಬ ಪ್ರವಾಸಿಗರನ್ನು ಗುಂಡ್ಲುಪೇಟೆಯ ಬೀದಿಗಳಲ್ಲಿ ನಡೆಸುತ್ತಾನಂತೆ. 'ಯುದ್ಧಕಾಲದ ಗುಂಡ್ಲುಪೇಟೆ' ಎಂದು ಅದಕ್ಕೆ ಹೆಸರು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಊರು ಹೇಗಿತ್ತು ಎಂದು ಹೇಳುವುದು. ಕೊನೆಗೆ ನಮ್ಮ ಹಳೆಯ ಮನೆಯ ಮುಂದೆ ನಿಲ್ಲಿಸಿ, ಈ ಮನೆಯ ಯಜಮಾನ ಲೆವಿಯವರಿಗೆ ಸುಳ್ಳು ಹೇಳಿ ರಾಗಿ ಮುಚ್ಚಿಟ್ಟ ಎನ್ನುತ್ತಾನಂತೆ.

ಲೆವಿ ಎಂದರೆ, ಯುದ್ಧದ ಕಾಲದಲ್ಲಿ ಸರ್ಕಾರದವರು ಮನೆಮನೆಗೆ ಬಂದು ಧಾನ್ಯ ಅಳೆದುಕೊಂಡು ಹೋಗುತ್ತಿದ್ದದ್ದು. ಊರಿನವರೆಲ್ಲ ಮುಚ್ಚಿಟ್ಟರು. ನಮ್ಮಪ್ಪ ಒಬ್ಬರು ಒಂದು ಸೇರೂ ಮುಚ್ಚಿಡದೆ ಅಳೆದು ಕೊಟ್ಟರು. ಇದನ್ನು ಕೇಳುತ್ತಲೇ ನಾನು ಬೆಳೆದದ್ದು. ಸರ್ವೆ ಇಲಾಖೆಯಲ್ಲಿ ಮೂವತ್ತೈದು ವರ್ಷ ಜಮೀನು ಅಳೆದೆ. ಅಳತೆಗೆ ಹೋದ ಯಾವ ಮನೆಯಲ್ಲೂ ಕಾಫಿ ಕುಡಿಯಲಿಲ್ಲ. ಅಂಥವರ ಮಗ ಎನ್ನುವುದು ಬಿಟ್ಟು ಅದಕ್ಕೆ ಬೇರೆ ಕಾರಣವಿಲ್ಲ.

ಕುರ್ಚಿಯಿಂದ ಎದ್ದೆ.

"ಸಾ, ಇನ್ನರ್ಧ?"

"ಆಮೇಲೆ."

ಬೀದಿಯಲ್ಲಿ ಯಾರೂ ನಗಲಿಲ್ಲ. ನನ್ನನ್ನು ನೋಡಿ ನಗುವ ಅಭ್ಯಾಸ ಈ ಊರಿಗಿಲ್ಲ. ಹೆಂಡತಿ ಮಾತ್ರ ಬಾಗಿಲು ತೆಗೆದು ಒಂದು ಗಳಿಗೆ ನೋಡಿ, "ಯಾರು ಬೇಕಾಗಿತ್ತು?" ಎಂದಳು.

೨. ಫಾರಂ

ಗೈಡಿಗೆ ಫೋನು ಮಾಡಿದೆ. ಬಾಯಿ ಬಿಟ್ಟರೆ ಸಕ್ಕರೆ.

"ಗುಂಪಿನ ಜೊತೆ ಬರ್ತೀರಾ ಸರ್, ಪ್ರೈವೇಟ್ ಟೂರಾ?"

"ಪ್ರೈವೇಟು."

ನಮ್ಮಪ್ಪನನ್ನು ಬಯ್ಯುವುದನ್ನು ಹತ್ತು ಜನರ ನಡುವೆ ನಿಂತು ಕೇಳುವ ಇಚ್ಛೆ ಇರಲಿಲ್ಲ.

"ತಮ್ಮ ಹೆಸರು ಸರ್?"

ಹೆಸರು ಹೇಳಿದರೆ ಗೊತ್ತಾಗಿಬಿಡುತ್ತದೆ. ಅವನು ನಾಲಿಗೆ ಮಡಚಿಕೊಳ್ಳುತ್ತಾನೆ. ಅವನ ಬಾಯಿಂದಲೇ ಪೂರ್ತಿ ಬರಬೇಕು, ಆಮೇಲೆ ಹಿಡಿಯಬೇಕು.

"ಹೆಸರು ಬೇಕಾಗಿಲ್ಲ."

"ಫಾರಂ ಮುಂದಕ್ಕೆ ಹೋಗಲ್ಲ ಸರ್."

"ಹಿರಿಯ ನಾಗರಿಕ ಅಂತ ಬರ್ಕೊ."

"ಇನ್ನೊಬ್ಬರು?"

"ನಮ್ಮಕ್ಕ."

ಅಕ್ಕ ಸಾಕ್ಷಿಗೆ. ಯುದ್ಧ ಮುಗಿದ ಮೇಲೆ ಹುಟ್ಟಿದವನು ನಾನು. ಲೆವಿಯ ಕಾಲದಲ್ಲಿ ಅಕ್ಕನಿಗೆ ಎಂಟು ವರ್ಷ. ಆ ಮನೆಯಲ್ಲೇ ಇದ್ದಳು. ಈಗ ಬೇಗೂರಿನಲ್ಲಿ ಮಗಳ ಜೊತೆ ಇದ್ದಾಳೆ. ಕೋಲು ಹಿಡಿದು ನಡೆಯುತ್ತಾಳೆ, ನನಗಿಂತ ಜೋರಾಗಿ. ಅವಳಿಗೂ ಫೋನು ಮಾಡಿದೆ.

"ಅಕ್ಕ, ಭಾನುವಾರ ಗುಂಡ್ಲುಪೇಟೆಗೆ ಬಾ."

"ಯಾರ್ಲಾ ಓಗ್ಬುಟ್ರು?"

"ಯಾರೂ ಹೋಗಿಲ್ಲ."

"ಮತ್ಯಾಕ್ ಫೋನ್ ಮಾಡ್ದೆ?"

"ಒಬ್ಬ ಅಪ್ಪನ ಹೆಸರು ಕೆಡಿಸ್ತಿದ್ದಾನೆ. ಬಾ."

"ಏನಂತೆ?" ಎಂದಳು. ಬಂದು ಕೇಳು ಎಂದು ಫೋನು ಇಟ್ಟೆ.

ಭಾನುವಾರ ಬೆಳಿಗ್ಗೆ ನಾನು ತೆರಕಣಾಂಬಿಯ ಮೇಲೆ ಬರುವ ಬಸ್ಸಿನಲ್ಲಿ ಇಳಿದೆ. ಅಕ್ಕ ಮೈಸೂರು ಕಡೆಯ ಬಸ್ಸಿನಲ್ಲಿ ಇಳಿದಳು. ಗೈಡು ಟೋಪಿ ಹಾಕಿಕೊಂಡು ಬಸ್ ನಿಲ್ದಾಣದಲ್ಲಿ ನಿಂತಿದ್ದ. ಮೂವತ್ತೈದು ವರ್ಷದವನಿರಬೇಕು. ನಮಸ್ಕಾರ ಮಾಡಿ, ಅಚ್ಚು ಹಾಕಿಸಿದ ಎರಡು ಚೀಟಿಗಳನ್ನು ನಮ್ಮ ಎದೆಗೆ ಸಿಕ್ಕಿಸಿದ. ನನ್ನದರಲ್ಲಿ 'ಹಿರಿಯ ನಾಗರಿಕ' ಎಂದಿತ್ತು. ಅಕ್ಕನದರಲ್ಲಿ 'ಹಿರಿಯ ನಾಗರಿಕರ ಅಕ್ಕ'.

೩. ಕಲ್ಲು

ನಾವಿದ್ದದ್ದು ಇಬ್ಬರು. ಅವನು ನಮ್ಮಿಂದ ಒಂದು ಮಾರು ದೂರದಲ್ಲಿ ನಿಂತಿದ್ದ. ಆದರೂ ನಮ್ಮ ಕಿವಿಗೆ ಯಂತ್ರ ಸಿಕ್ಕಿಸಿ ತಾನು ಮೈಕಿನಲ್ಲಿ ಮಾತಾಡಿದ. ಒಂದೇ ಮಾತನ್ನು ಎರಡೆರಡು ಸಲ ಕೇಳಬೇಕಾಯಿತು.

ಊಟಿ ರಸ್ತೆಯ ಪಕ್ಕದಲ್ಲಿ ಒಂದು ಕಲ್ಲಿನ ಮುಂದೆ ನಿಲ್ಲಿಸಿದ.

"ಗಮನಿಸಿ. ಕಲ್ಲಿನ ತಲೆಯ ಮೇಲೆ ಕೂಡುವ ಲೆಕ್ಕದ ಗುರುತು. ಮಿಲಿಟರಿ ಲಾರಿಗಳಿಗೆ ದಾರಿ ತೋರಿಸೋಕೆ ಯುದ್ಧದ ಕಾಲದಲ್ಲಿ ಹಾಕಿದ್ದು. ಒಂದು ಗೆರೆ ಸ್ವಲ್ಪ ಓರೆ ಇದೆ, ನೋಡಿದ್ರಾ? ಅದು ಊಟಿಯ ದಿಕ್ಕು."

ಆ ಕಲ್ಲು ನೆಡಿಸಿದ್ದು ನಾನು. ಜಮೀನಿನ ಎಲ್ಲೆ ತೋರಿಸುವ ಸರ್ವೆ ಕಲ್ಲು. ಆ ಗುರುತು ಹೊಡೆದ ಕಲ್ಲುಕುಟಿಗ ಅವತ್ತು ಬೆಳಿಗ್ಗೆಯೇ ಕುಡಿದು ಬಂದಿದ್ದ. ಅದಕ್ಕೇ ಗೆರೆ ಓರೆ. ಅವನಿಗೆ ನಾನು ಮೆಮೊ ಕೊಟ್ಟದ್ದೂ ನೆನಪಿದೆ.

ನಾನು ಬಂದದ್ದು ಕಲ್ಲಿಗಲ್ಲ.

"ನೀನ್ ನೆಟ್ಟಿದ್ದಲ್ವೇನ್ಲಾ ಇದ?" ಎಂದಳು ಅಕ್ಕ.

"ಸುಮ್ನಿರಕ್ಕ."

ಅಷ್ಟರಲ್ಲಿ ಪಕ್ಕದ ಹೊಲದಿಂದ ಒಬ್ಬ ಮುದುಕ ಬಂದ. ನನ್ನ ಮುಖ ನೋಡಿದ. ಕಲ್ಲು ನೋಡಿದ. ಮತ್ತೆ ನನ್ನನ್ನು ನೋಡಿದ.

"ಬಂದ್ರಾ?" ಎಂದ. "ಬನ್ನಿ. ನಿಂತ್ಕಂಡು ನೋಡ್ಕಳಿ. ಈ ಕಲ್ ನೆಟ್ಟು ನಂಗೆ ಎರಡ್ ಗುಂಟೆ ಕಳುದ್ರಲ್ಲ ಸೋಮಿ. ನಮ್ಮಪ್ಪ ಇದೇ ಕೊರಗಲ್ಲಿ ಸತ್ತ."

"ಅಳತೆ ಸರಿಯಾಗಿತ್ತು" ಎಂದೆ.

"ಅವತ್ತೂ ಅದೇ ಯೋಳಿದ್ರಿ, ಇವತ್ತೂ ಅದೇ ಯೋಳ್ತಿರಲ್ಲ."

ಬಯ್ಯುತ್ತಾ ಹೊರಟುಹೋದ. ಗೈಡು ಟೋಪಿ ತೆಗೆದು ಕೈಯಲ್ಲಿ ಹಿಡಿದು ಅವನು ಹೋಗುವುದನ್ನೇ ನೋಡುತ್ತಿದ್ದ. ಆಮೇಲೆ ಮೈಕಿನಲ್ಲಿ ಮೆಲ್ಲಗೆ ಹೇಳಿದ: "ಯುದ್ಧ ಈ ಜನರ ಮನಸ್ಸಲ್ಲಿ ಇನ್ನೂ ಮುಗಿದಿಲ್ಲ."

೪. ಕತ್ತಲೆ

ಈರುಳ್ಳಿ ಮಂಡಿಯ ಹತ್ತಿರ ಒಂದು ಟೀ ಅಂಗಡಿ. ಮುಂದೆ ಬೆಂಚು. ಗೈಡು ಅಕ್ಕನನ್ನು ಕೂರಿಸಿದ. ಈರುಳ್ಳಿ ಲಾರಿಗಳು ಹಾರ್ನು ಹೊಡೆಯುತ್ತಿದ್ದವು.

"ಈ ಚೌಕದಲ್ಲಿ ಆಗ ಕಗ್ಗತ್ತಲು. ವಿಮಾನ ಬಂದು ಬಾಂಬು ಹಾಕುತ್ತೆ ಅನ್ನೋ ಭಯಕ್ಕೆ ಜನ ಸಂಜೆಯಾದ್ರೆ ದೀಪ ಆರಿಸಿಬಿಡ್ತಿದ್ರು."

"ಆರ್ಸಕ್ಕೆ ದೀಪ ಎಲ್ಲಿತ್ತಪ್ಪ?" ಎಂದಳು ಅಕ್ಕ. "ಸೀಮೆಎಣ್ಣೆನೇ ಸಿಗ್ತಿರ್ನಿಲ್ಲ. ಒತ್ತು ಮುಳುಗೋದ್ರೊಳ್ಗೆ ಉಂಡು ಮನಿಕತಿದ್ದೋ. ಬಾಂಬ್ ಅಂದ್ರೆ ಏನು ಅಂತ ನಂಗ್ ಗೊತ್ತಾಗಿದ್ದೇ ಟೀವಿ ಬಂದ್ಮೇಲೆ."

ಗೈಡು ನಕ್ಕ. ನಕ್ಕು ತನ್ನ ಪಾಠ ಮುಂದುವರಿಸಿದ.

"ಅಮ್ಮ, ಈಗ ಇಬ್ಬರೂ ಕಣ್ಣು ಮುಚ್ಚಿ. ಆ ಕತ್ತಲೆಯನ್ನ ಅನುಭವಿಸಿ. ಒಂದು ನಿಮಿಷ."

ನಾನು ಮುಚ್ಚಲಿಲ್ಲ. ಅಕ್ಕ ಮುಚ್ಚಿದಳು. ಬೆಳಗಿನ ನಾಲ್ಕಕ್ಕೇ ಎದ್ದಿದ್ದಳಂತೆ. ಒಂದು ನಿಮಿಷವಾಯಿತು. ಗೈಡು "ಈಗ ಕಣ್ಣು ತೆರೀಬಹುದು" ಎಂದ. ಅಕ್ಕ ತೆರೆಯಲಿಲ್ಲ. ಗೊರಕೆ ಶುರುವಾಗಿತ್ತು.

"ಎಬ್ಬಿಸಲಾ ಸರ್?"

"ಬೇಡ."

ಅವನು ಟೀ ಹೇಳಿದ. ಬಿಟ್ಟಿ ಟೀ ನಾನು ಕುಡಿಯುವುದಿಲ್ಲ, ಕುಡಿಯಲಿಲ್ಲ. ಸುಮ್ಮನೆ ಕೂತೆವು. ಮುಕ್ಕಾಲು ಗಂಟೆ. ಅವನ ಟೂರಿನಲ್ಲಿ ನಾನು ಸುಳ್ಳು ಕೇಳದೆ ಕಳೆದದ್ದು ಅಷ್ಟೇ ಹೊತ್ತು.

೫. ಹಗೇವು

ನಮ್ಮ ಮನೆ ಈಗ ನಮ್ಮದಲ್ಲ. ಒಬ್ಬ ಈರುಳ್ಳಿ ವ್ಯಾಪಾರಿ ಕೊಂಡು ಗೋದಾಮು ಮಾಡಿದ್ದಾನೆ. ಒಳಗೆ ಹೋಗಲು ಗೈಡು ಅವನನ್ನು ಒಪ್ಪಿಸಿಕೊಂಡಿದ್ದ. ನಡುಮನೆಯಲ್ಲಿ ಮೂಟೆಗಳು. ಒಂದು ಮೂಲೆಯಲ್ಲಿ ಮಾತ್ರ ಜಾಗ ಬಿಟ್ಟಿದ್ದರು. ಅಲ್ಲಿ ನೆಲದಲ್ಲಿ ಒಂದು ಚಪ್ಪಡಿ ಕಲ್ಲು.

"ಇದು ಬಂಕರ್" ಎಂದ.

"ಅಗೇವು ಕಣಪ್ಪ ಇದು" ಎಂದಳು ಅಕ್ಕ.

ಹಗೇವು ಎಂದರೆ ರಾಗಿ ತುಂಬುವ ನೆಲದಡಿಯ ಗುಳಿ. ಬಾಯಿ ಕಿರಿದು, ಹೊಟ್ಟೆ ಅಗಲ. ತುಂಬಿ, ಮೇಲೆ ಚಪ್ಪಡಿ ಮುಚ್ಚಿ ಮಣ್ಣು ಮೆತ್ತಿದರೆ ರಾಗಿ ವರ್ಷಗಟ್ಟಲೆ ಕೆಡುವುದಿಲ್ಲ. ನಮ್ಮ ಕಡೆ ಹಳೆಯ ಮನೆಗಳಲ್ಲೆಲ್ಲ ಇತ್ತು.

"ಸರಿಯಮ್ಮ, ಹಗೇವು" ಎಂದ ಗೈಡು. "ಕೇಳಿ. ಯುದ್ಧದ ಕಾಲ. ಲೆವಿ ಅಧಿಕಾರಿ ಈ ಬಾಗಿಲಿಗೆ ಬಂದ. ಈ ಮನೆಯ ಯಜಮಾನ ಕೈಮುಗಿದು, ಮನೇಲಿ ಒಂದು ಕಾಳೂ ಇಲ್ಲ ಸ್ವಾಮಿ ಅಂದ. ಆದರೆ ಇದರೊಳಗೆ ಇಪ್ಪತ್ತು ಪಲ್ಲ, ಅಂದ್ರೆ ಎರಡು ಸಾವಿರ ಸೇರು, ರಾಗಿ ಇತ್ತು."

ಇದಕ್ಕೇ ಕಾದಿದ್ದೆ. ಕಿವಿಯ ಯಂತ್ರ ಕಿತ್ತು ಮೂಟೆಯ ಮೇಲಿಟ್ಟೆ.

"ಯಾರು ಹೇಳಿದ್ದು?"

"ಊರಲ್ಲಿ ಹಿರಿಯರು..."

"ಯಾವ ಹಿರಿಯರು? ಆ ಯಜಮಾನರ ಮಗ ನಾನು."

ಅವನು ಮೈಕು ಆರಿಸಿದ.

"ಒಂದು ಸೇರೂ ಮುಚ್ಚಿಟ್ಟವರಲ್ಲ ನಮ್ಮಪ್ಪ. ಪ್ರತಿ ಭಾನುವಾರ ಜನ ಸೇರಿಸಿ, ಸತ್ತವರ ಮನೆ ಬಾಗಿಲಲ್ಲಿ ನಿಂತು ಅವರನ್ನ ಕಳ್ಳ ಅಂತೀಯಲ್ಲ, ನಾಚಿಕೆ ಆಗಲ್ವ ನಿನಗೆ? ಇವರು ನಮ್ಮಕ್ಕ. ಆ ಕಾಲದಲ್ಲಿ ಇದೇ ಮನೇಲಿ ಇದ್ದವರು. ಕೇಳು ಇವರನ್ನ. ಅಕ್ಕ, ಹೇಳು ಇವನಿಗೆ."

ನನ್ನ ಜೀವಮಾನದಲ್ಲಿ ಇಷ್ಟುದ್ದ ಮಾತಾಡಿದ್ದು ಇದೇ ಮೊದಲು.

ಅಕ್ಕ ಚಪ್ಪಡಿಯನ್ನೇ ನೋಡುತ್ತಿದ್ದಳು. ಕೋಲಿನಿಂದ ಅದನ್ನು ಒಮ್ಮೆ ಕುಟ್ಟಿದಳು.

"ಇಪ್ಪತ್ತಲ್ಲ ಕಣಪ್ಪ" ಎಂದಳು. "ಮೂವತ್ತು."

ಬಾಗಿಲಲ್ಲಿ ನಿಂತಿದ್ದ ವ್ಯಾಪಾರಿ ಸ್ಟೂಲು ತಂದು ಅಕ್ಕನ ಹಿಂದೆ ಹಾಕಿದ. ಅವಳು ಕೂತಳು.

"ನಿನ್ ಕಥೆಲಿ ಇನ್ನೊಂದ್ ತಪ್ಪು. ಅಪ್ಪ ಕೈಗೀಯ್ ಏನೂ ಮುಗೀನಿಲ್ಲ. ಅವತ್ತು ಅಪ್ಪ ಇಲ್ಲಿ ಇರ್ನೇ ಇಲ್ಲ, ಇತ್ತಲಲ್ಲಿ ಅವಿತ್ಕಂಡಿದ್ದ. ಎಲ್ಲಾ ಮಾಡಿದ್ದು ಅವ್ವ. ಲೆವಿಯೋರು ಬತ್ತಾವ್ರೆ ಅಂತ ಗೊತ್ತಾಗಿದ್ದೇ, ಈ ಚಪ್ಪಡಿ ಮ್ಯಾಲೆ ಚಾಪೆ ಆಕುದ್ಲು. ನನ್ ಮಲಗ್ಸಿ, ಮೈಗೆಲ್ಲ ಅರ್ಸ್ನ ಬಳುದು, ಬೇವಿನ್ ಸೊಪ್ ಒದಿಸ್ಬುಟ್ಲು. ಬಾಗ್ಲಿಗೂ ಬೇವಿನ್ ಸೊಪ್ ಸಿಗ್ಸುದ್ಲು. ಮಗೀಗೆ ಅಮ್ಮ ಬಂದವ್ಳೆ ಸೋಮಿ, ಒಳೀಕ್ ಬರ್ಬ್ಯಾಡಿ ಅಂದ್ಲು."

ಅಮ್ಮ ಎಂದರೆ ಸಿಡುಬು. ಬೇವಿನ ಸೊಪ್ಪು ಕಟ್ಟಿದ ಮನೆಯ ಹೊಸ್ತಿಲನ್ನು ಆ ಕಾಲದಲ್ಲಿ ಯಾವ ಅಧಿಕಾರಿಯೂ ದಾಟುತ್ತಿರಲಿಲ್ಲ.

"ಆಮೇಲೆ?" ಎಂದ ಗೈಡು. ಪುಸ್ತಕ ತೆಗೆದಿದ್ದ. ಬರೆಯುತ್ತಿದ್ದ.

"ಬೇವಿನ್ ಸೊಪ್ಪು ಮೂಗಿಗೆ ತಾಗಿ ನಂಗೆ ನಗು ಬಂದ್ಬುಡ್ತು. ಅವ್ವ ತೊಡೆ ಚಿವುಟುದ್ಲು. ಕಿರಿಚ್ಕಂಡೆ. ಲೆವಿಯೋನು ಓಡೋದ. ಓಡೋಗಿ ಸುಮ್ನಿದ್ನಾ, ಮಾರ್ನೆ ದಿನ ದಾಕು ಆಕೋನ್ನ ಕಳುಸ್ಬುಟ್ಟ. ಬೀದೀಲಿ ಇದ್ದ ಮಕ್ಳುಗೆಲ್ಲ ಇಡ್ಕಂಡು ಇಡ್ಕಂಡು ಚುಚ್ಚುದ. ಊರೋರು ಆರ್ ತಿಂಗ್ಳು ನಮ್ಮವ್ವನ್ನ ಬೈಯ್ದ್ರು."

ಸೀರೆಯ ಸೆರಗು ಸರಿಸಿ ತೋಳಿನ ಮೇಲೆ ದಾಕಿನ, ಅಂದರೆ ಸಿಡುಬಿನ ಲಸಿಕೆಯ, ಕಲೆ ತೋರಿಸಿದಳು. ಗೈಡು ಕೇಳಿ ಫೋಟೋ ತೆಗೆದುಕೊಂಡ.

ನಾನು ಅಕ್ಕನ ಹತ್ತಿರ ಹೋದೆ.

"ಅಕ್ಕ, ಅಪ್ಪ ಒಂದು ಸೇರೂ ಮುಚ್ಚಿಡಲಿಲ್ಲ ಅಂತ..."

"ಯಾರ್ ಯೋಳಿದ್ದು ನಿಂಗೆ?"

"ಅಪ್ಪನೇ."

"ಇನ್ಯಾರ್ ಯೋಳಾರು ಮತ್ತೆ."

ವ್ಯಾಪಾರಿ ತಿರುಗಿ ಮೂಟೆಗಳ ಕಡೆ ಮುಖ ಮಾಡಿದ. ಅವನ ಹೆಗಲು ಅಲುಗುತ್ತಿತ್ತು.

"ಮೂವತ್ತು ಪಲ್ಲ ಏನಾಯಿತು?" ಎಂದೆ.

"ನಾವ್ ತಿಂದೋ. ಬೀದಿಯೋರ್ಗೂ ಒಂದೊಂದ್ ಮೊರ ಕೊಟ್ಳು ಅವ್ವ, ಬಾಯ್ ಮುಚ್ಕಂಡಿರ್ಲಿ ಅಂತ. ಮಿಕ್ಕಿದ್ದ ಅಪ್ಪ ಮಾರ್ಬುಟ್ಟು ಕೆರೆ ಕೆಳ್ಗೆ ಗದ್ದೆ ತಕಂಡ. ಆ ಗದ್ದೆ ಭತ್ತ ಮಾರೇ ಅಲ್ವೇನ್ಲಾ ನಿನ್ನ ಓದ್ಸಿದ್ದು?"

"ಇಷ್ಟು ವರ್ಷ ಯಾಕೆ ಹೇಳಲಿಲ್ಲ?"

ಅಕ್ಕ ನನ್ನನ್ನು ಮೇಲಿಂದ ಕೆಳಗೆ ನೋಡಿದಳು.

"ಯೋಳಿದ್ರೆ ನೀನು ಆ ಗದ್ದೆನ ಸರ್ಕಾರಕ್ಕೆ ವಾಪಸ್ ಕೊಟ್ಬುಡ್ತಿದ್ದೆ ಕಣ್ಲಾ."

ಕೊಡುತ್ತಿದ್ದೆ.

ಗೈಡು ನನ್ನ ಹತ್ತಿರ ಬಂದು ಕೈಮುಗಿದ. "ಸರ್, ತಪ್ಪು ಮಾಹಿತಿ ಕೊಟ್ಟಿದ್ದಕ್ಕೆ ಕ್ಷಮೆ ಇರಲಿ. ಮುಂದಿನ ಟೂರಿನಿಂದ ಖಂಡಿತ ತಿದ್ದಿಕೊಳ್ತೀನಿ" ಎಂದ. ನಿಜವಾಗಿಯೂ ನೊಂದುಕೊಂಡಿದ್ದ.

ಮಾತಿಗೆ ತಪ್ಪಲಿಲ್ಲ. ಈಗ ಮೂವತ್ತು ಪಲ್ಲ ಎಂದೇ ಹೇಳುತ್ತಿದ್ದಾನಂತೆ.