ನಾಲಿಗೆವ್ವನ ಮೊದಲ ತುತ್ತು

ಸೋನಾಬಾಯಿ ಹಾಗಲಕಾಯಿ ಪಾಯಸದ ಬಟ್ಟಲು ಹಿಡಿದು ಹಿತ್ತಲ ಬಾಗಿಲಿನಿಂದ ಒಳಗೆ ಬಂದಾಗ ಜಕ್ಕಪ್ಪನಿಗೆ ತಪ್ಪಿಸಿಕೊಳ್ಳಲು ದಾರಿ ಉಳಿದಿರಲಿಲ್ಲ. ನಿಪ್ಪಾಣಿಯ ತಂಬಾಕು ವಖಾರಿಯಲ್ಲಿ ಮಾಲು ಇಳಿಸಿಕೊಂಡು ಅಂಗಡಿಗಳಿಗೆ ಹಂಚುವುದು ಅವನ ಕೆಲಸ. ಅವತ್ತು ರಜೆ. ಹೆಂಡತಿ ಸುಗಂಧಾ ಚಿಕ್ಕೋಡಿಯ ತಂಗಿಯ ಮನೆಗೆ ಹೋಗಿದ್ದಳು. ಪಕ್ಕದ ಮನೆಯ ಸೋನಾಬಾಯಿ ಮೊಬೈಲ್ ನೋಡಿ ಹೊಸ ಹೊಸ ಅಡುಗೆ ಮಾಡುವವಳು, ಮಾಡಿದ್ದನ್ನು ಮೊದಲು ಜಕ್ಕಪ್ಪನಿಗೇ ತಿನ್ನಿಸುವವಳು. ಚಲೋ ಆಗಿಲ್ಲ ಎಂದು ಹೇಳುವ ಧೈರ್ಯ ಅವನಿಗೆ ಒಂದು ದಿನವೂ ಬಂದಿರಲಿಲ್ಲ.

"ಜಕ್ಕಪ್ಪಾ, ಬಿಸಿ ಇದ್ದಾಗ ತಿನ್ನು."

ಹಾಲಿನ ಮೇಲೆ ತೇಲುತ್ತಿದ್ದ ಹಸಿರು ಹೋಳುಗಳು ಕೆರೆಯ ಕಪ್ಪೆಗಳ ಹಾಗೆ ಇವನನ್ನೇ ನೋಡುತ್ತಿದ್ದವು.

"ಇವತ್ತ ಬರೂದಿಲ್ಲ ಅಕ್ಕಾ. ನಮ್ಮ ದೇವರದ ಒಂದ ಪದ್ಧತಿ ಐತಿ."

"ಯಾವ ದೇವರೋ?"

ಜಕ್ಕಪ್ಪನ ನಾಲಿಗೆ ತಡವರಿಸಿತು. ಬಾಯಿಗೆ ಬಂದ ಹೆಸರೂ ಅದೇ. "ನಾಲಿಗೆವ್ವ."

"ಎಂದೂ ಕೇಳಿಲ್ಲಲ್ಲ."

"ರುಚಿ ದೇವತಿ. ಉಪ್ಪು, ಖಾರ, ಸೀ ಎಲ್ಲಾ ಆಕೀದ. ಇವತ್ತೊಂದಿನ ಮೊದಲ ತುತ್ತ ಆಕಿಗಿ ಇಡಬೇಕು. ಆಕಿ ತಿಂದ ಮ್ಯಾಲ ನಾವು."

"ತಿಂದ್ಲು ಅಂತ ಹೆಂಗ ಗೊತ್ತಾಗತೈತಿ?"

"ಗೊತ್ತಾಗತೈತಿ," ಎಂದ ಜಕ್ಕಪ್ಪ. ಹೇಗೆ ಎಂಬುದು ಅವನಿಗೂ ಗೊತ್ತಿರಲಿಲ್ಲ.

ಸೋನಾಬಾಯಿ ಒಂದು ಚಮಚ ಪಾಯಸವನ್ನು ಎಲೆಯ ಮೇಲೆ ಹಾಕಿ ಕಿಟಕಿಯಲ್ಲಿಟ್ಟಳು. ಹೋಗುತ್ತಾಳೆಂದು ಅವನು ಕಾದ. ಅವಳು ಚಾಪೆ ಹಾಸಿಕೊಂಡು ಕೂತಳು. ಸ್ವಲ್ಪ ಹೊತ್ತಿಗೆ ಎದ್ದು, ಎಲೆಯ ಮೇಲಿನದನ್ನು ಬೆರಳಿನಿಂದ ನೆಕ್ಕಿದಳು. ಅವಳ ಮುಖ ಬಿಳಿಚಿಕೊಂಡಿತು.

"ಕಹಿನೂ ಇಲ್ಲ, ಸೀನೂ ಇಲ್ಲ. ನೋಡು ನೀ."

ಜಕ್ಕಪ್ಪ ನೆಕ್ಕಿ ನೋಡಿದ. ನಾಲಿಗೆಯ ಮೇಲೆ ಏನೋ ಇತ್ತು, ರುಚಿ ಮಾತ್ರ ಇರಲಿಲ್ಲ. ಸೋನಾಬಾಯಿಯ ಅಡುಗೆ ಇಷ್ಟು ಚೆನ್ನಾಗಿ ಹಿಂದೆಂದೂ ಆಗಿರಲಿಲ್ಲ ಅನ್ನಿಸಿತು. ಆದರೂ ಅವನ ಕೈಮೇಲಿನ ಕೂದಲು ನೆಟ್ಟಗಾಯಿತು.

ಸುದ್ದಿ ಓಣಿಯ ತುಂಬ ಹರಡಿತು. ಕಿಟಕಿ ಕಿಟಕಿಯಲ್ಲೂ ಒಂದೊಂದು ತುತ್ತು ಬಂತು. ಮೂಲೆಯ ಚಹಾದಂಗಡಿಯ ದಾದಾಸಾಬ ನಗುತ್ತ ಒಂದು ಬಶಿ ಚಹಾ ಗೋಡೆಯ ಮೇಲಿಟ್ಟ. ಆಮೇಲೆ ಅದೇ ಬಶಿ ಹಿಡಿದು ಜಕ್ಕಪ್ಪನ ಮನೆಗೆ ಬಂದಾಗ ಅವನು ನಗುತ್ತಿರಲಿಲ್ಲ.

"ಭಾಯ್, ಚಹಾ ಇದ್ದಷ್ಟ ಐತಿ. ರುಚಿ ಇಲ್ಲ."

ಮಧ್ಯಾಹ್ನದ ಹೊತ್ತಿಗೆ ತುತ್ತಿನದಷ್ಟೇ ಅಲ್ಲ, ಪಾತ್ರೆಯಲ್ಲಿದ್ದ ಅಡುಗೆಯ ರುಚಿಯೂ ಹೋಯಿತು. ಹಸಿಮೆಣಸಿನಕಾಯಿ ಕುಟ್ಟಿದ ಖರಡಾ ಚಟ್ನಿ ತಿಂದವರು ಕಾಗದ ಅಗಿದವರಂತೆ ಒಬ್ಬರ ಮುಖ ಒಬ್ಬರು ನೋಡಿದರು. ಸುಟ್ಟ ತಂಬಾಕಿನ ಪುಡಿ, ಮಿಸ್ರಿ, ಒಸಡಿಗೆ ತಿಕ್ಕಿಕೊಂಡೇ ಎಂಬತ್ತು ದಾಟಿದ್ದ ತುಳಸವ್ವ ಕೋಲೂರಿಕೊಂಡು ಬಂದಳು.

"ನನ್ನ ಮಿಸ್ರಿ ಬೂದಿ ಆತಲ್ಲೋ ತಮ್ಮಾ. ಹಲ್ಲಿಲ್ಲದಾಕಿ ಬಾಯಾಗಿಂದೂ ಬಿಡವಲ್ಲಳು ಅಂದ್ರ ಎಂಥಾ ಹಸಿವಿನಾಕಿ ಆಕಿ?"

ಅಂಗಳದಲ್ಲಿ ಜನ ಸೇರಿತು. ಜಕ್ಕಪ್ಪ ಬಾಗಿಲು ಎಳೆದುಕೊಂಡು ಹೊರಗೆ ಬಂದು ಕೈಮುಗಿದ. "ಖರೇ ಹೇಳ್ತೇನ್ರಿ. ಅಂಥಾ ದೇವರ ಇಲ್ಲ. ಪಾಯಸ ತಪ್ಪಿಸ್ಕೊಳ್ಳಾಕ ನಾನ ಹುಟ್ಟಸಿದ್ದು."

ಸೋನಾಬಾಯಿಯ ಕಣ್ಣು ತುಂಬಿತು. "ಬ್ಯಾಡಾಗಿದ್ರ ಬ್ಯಾಡ ಅನಬೇಕಿತ್ತು. ಆಕಿನ್ನ ಇಲ್ಲ ಅನಬ್ಯಾಡ. ಕೇಳಸ್ಕೊಂತಾಳ."

ಆಗ, ಯಾರೂ ಇಲ್ಲದ ಮನೆಯೊಳಗಿನಿಂದ, ಯಾರೋ ನಿಧಾನವಾಗಿ ಬಾಯಿ ಚಪ್ಪರಿಸಿದ ಸಪ್ಪಳ ಬಂತು.

"ಕರದಾಂವ ನೀನು," ಎಂದು ದಾದಾಸಾಬ ಎರಡು ಹೆಜ್ಜೆ ಹಿಂದೆ ಸರಿದ. "ನೀನ ಹೋಗಿ ಕೇಳು."

ಅಡುಗೆಮನೆಯಲ್ಲಿ ಯಾರೂ ಇರಲಿಲ್ಲ. ಉಪ್ಪು, ಬೆಲ್ಲ, ಖಾರದ ಡಬ್ಬಿಗಳ ಮುಚ್ಚಳ ಮಾತ್ರ ತೆರೆದಿದ್ದವು. ಬಿಸಿಲುಹೊತ್ತಿನಲ್ಲೂ ಹೊಸ ಮಡಕೆಯ ನೀರಿನಂಥ ತಣ್ಣನೆಯ ವಾಸನೆ. ಜಕ್ಕಪ್ಪ ಮೂಲೆಗೆ ತಿರುಗಿ ಕೈಮುಗಿದ. ಹೆದರಿಕೆಯಲ್ಲೂ ವಖಾರಿಯ ರೂಢಿ ಬಿಡಲಿಲ್ಲ.

"ತಪ್ಪಾತವ್ವಾ. ಓಣ್ಯಾಗಿನ ಎಲ್ಲಾರ ರುಚಿ ತಿರುಗಿ ನನ್ನ ಕಡೆ ಕೊಡು. ನಾ ಅವರಿಗಿ ಮುಟ್ಟಸ್ತೇನಿ."

ಹೊರಗೆ ಗದ್ದಲವೆದ್ದಿತು. ದಾದಾಸಾಬನ ಚಹಾಕ್ಕೆ ರುಚಿ ಬಂದಿತ್ತು. ತುಳಸವ್ವ ಒಸಡು ತಿಕ್ಕಿಕೊಂಡು, "ಬಂತು, ಬಂತು" ಎನ್ನುತ್ತ ಮನೆಗೆ ನಡೆದಳು. ಎಲ್ಲರೂ ಹೋದರು. ಜಕ್ಕಪ್ಪ ಬೆವರು ಒರೆಸಿಕೊಂಡು ಹೊರಗೆ ಬಂದು ಕಟ್ಟೆಯ ಮೇಲೆ ಕೂತ.

ಅವನ ಬಾಯಲ್ಲಿ ಶುಂಠಿ ಚಹಾದ ರುಚಿ ಬಂತು. ಅವನು ಚಹಾ ಕುಡಿದಿರಲಿಲ್ಲ. ಹಿಂದೆಯೇ ಸುಟ್ಟ ತಂಬಾಕು ಬಂದು ಕಣ್ಣಲ್ಲಿ ನೀರು ತರಿಸಿತು. ಅದರ ಮೇಲೆ ಹಾಗಲಕಾಯಿ ಪಾಯಸ. ಸೋನಾಬಾಯಿ ಉಳಿದದ್ದನ್ನು ಮುಗಿಸುತ್ತಿದ್ದಳು. ಆಮೇಲೆ ಮಣ್ಣು. ಯಾರದೋ ಕೂಸು ಅಂಗಳದಲ್ಲಿ ಕೂತು ಮುಕ್ಕುತ್ತಿತ್ತು. ಎಷ್ಟು ಬಾಯಿ ಮುಕ್ಕಳಿಸಿದರೂ, ಅವನ ನಾಲಿಗೆಯ ಮೇಲಿಂದ ಹಾದುಹೋಗುವ ಓಣಿಯ ಊಟ ನಿಲ್ಲಲಿಲ್ಲ.

ಸಂಜೆ ಬಸ್ಸಿಳಿದು ಬಂದ ಸುಗಂಧಾ ಎಲ್ಲವನ್ನೂ ಕೇಳಿದಳು. ಬೈಯಲಿಲ್ಲ. "ಎಲ್ಲಾರೂ ಬಾಯಿ ತೊಳಕೊಂಡು ಒಂದೀಟ ಸುಮ್ನ ಇದ್ರ ಹೋಗತೈತಿ, ತಡೀರಿ," ಎಂದು ಮನೆಮನೆಗೆ ಹೋಗಿ ಹೇಳಿ ಬಂದಳು. ಕೂಸಿನ ಬಾಯಿಯನ್ನೂ ತೊಳೆಸಿದಳು. ಸೋನಾಬಾಯಿ, ದಾದಾಸಾಬ, ತುಳಸವ್ವ ಬಂದು ಎದುರಿಗೆ ತುಟಿ ಬಿಗಿಹಿಡಿದು ನಿಂತರು.

ಒಂದೊಂದೇ ರುಚಿ ಆರಿತು. ಕೊನೆಗೆ ಮಣ್ಣೂ ಹೋಯಿತು.

"ಎಲ್ಲಾ ಹೋತು?" ಎಂದಳು ಸುಗಂಧಾ, ಅವನ ಬೆನ್ನ ಹಿಂದೆ ಬಂದು ನಿಂತು.

"ಒಂದ ಉಳದೈತಿ."

"ಎಂಥಾದ್ದು?"

ಜಕ್ಕಪ್ಪ ಕಣ್ಣು ಮುಚ್ಚಿ ನಾಲಿಗೆ ಆಡಿಸಿದ. "ಉಪ್ಪುಪ್ಪು. ಕೊಬ್ಬರಿ ಎಣ್ಣಿ. ಸ್ವಲ್ಪ ಸಾಬಾಣ."

"ಅಂಥಾದ್ದ ಯಾರ ತಿಂತಾರೋ?" ಎಂದಳು ತುಳಸವ್ವ.

ಸುಗಂಧಾ ಅವನ ಬೆನ್ನ ಹತ್ತಿರ ಬಾಗಿ ನೋಡಿದಳು. ಅವಳ ದನಿ ಬಹಳ ಮೆಲ್ಲಗೆ ಬಂತು.

"ರೀ, ಅಲುಗಾಡಬ್ಯಾಡ್ರಿ. ನಿಮ್ಮ ಕುತ್ತಿಗಿ ಹಿಂದ ಹಸಿ ಆಗೈತಿ. ಯಾರೋ ನೆಕ್ಕಿಧಂಗ."