ಇಲ್ಲದ ಬಾಗಿಲಿಗೆ ಬಗ್ಗಿದವರು

ಮುಂದೆ ಹೇಳುವುದರಲ್ಲಿ ಎಷ್ಟು ನಡೆದದ್ದು, ಎಷ್ಟು ನನ್ನ ತಲೆ ಆಮೇಲೆ ಸೇರಿಸಿಕೊಂಡದ್ದು ಎಂದು ನನಗೇ ಅನುಮಾನವಿದೆ. ವಿಶ್ವವಿದ್ಯಾಲಯದಲ್ಲಿ ನಾನು ಕಲಿತದ್ದೇ ಅನುಮಾನಪಡುವುದನ್ನು. ಆ ಚಟ ಈಗ ನನ್ನ ನೆನಪಿನ ಮೇಲೇ ತಿರುಗಿಬಿದ್ದಿದೆ. ಒಂದಂತೂ ನಿಜ. ಶಿಕಾರಿಪುರ, ಸೊರಬ ಎರಡೂ ಕೋರ್ಟು ಹುಡುಕಿದರೂ ನನ್ನ ಸೋದರಮಾವನಷ್ಟು ಬಾಗಿಲಿಗೆ ಹೆದರುವ ವಕೀಲ ಸಿಗುತ್ತಿರಲಿಲ್ಲ!

ಆಳು ಕುಳ್ಳ. ಆದರೂ ಬಾಗಿಲು ಎಷ್ಟೇ ಎತ್ತರವಿರಲಿ, ತಲೆ ಬಗ್ಗಿಸಿಯೇ ಒಳಗೆ ಬರುತ್ತಿದ್ದ. ಬಸ್ಸು ಹತ್ತುವಾಗಲೂ, ಕಲ್ಯಾಣಮಂಟಪದ ಹೆಬ್ಬಾಗಿಲಲ್ಲೂ. "ಆನೆ ಹೋಗೋ ಬಾಗ್ಲಿಗೆ ಬಗ್ತೀರಲ್ರೀ, ಜನ ನೋಡ್ತಾರೆ," ಎಂದು ಅತ್ತೆ ಗದರಿದರೆ, "ನೋಡ್ಲಿ ಬಿಡೇ, ಹಣೆ ನಂದು," ಎನ್ನುತ್ತಿದ್ದ.

ಅದಕ್ಕೆ ಕಾರಣ ಅವನ ಕೆಲಸ. ಒಂದು ಜಾಗ ಯಾರ ಸ್ವಾಧೀನದಲ್ಲಿದೆ ಎಂದು ಇಬ್ಬರು ಕಿತ್ತಾಡುವಾಗ, ಹೋಗಿ ಕಣ್ಣಾರೆ ನೋಡಿ ವರದಿ ಕೊಡಲು ನ್ಯಾಯಾಲಯ ಕಳಿಸುವ ಕಮಿಷನರ್ ಅವನು. ಶಿರಾಳಕೊಪ್ಪದ ಒಂದು ಹಳೇ ಮನೆಯಲ್ಲಿ, "ನಾ ಹುಟ್ಟಿದ್ದೇ ಇಲ್ಲಿ ಸಾರ್, ಬರ್ರಿ," ಎಂದು ಮುಂದೆ ನಡೆದ ಕಕ್ಷಿಗಾರ ಒಳಬಾಗಿಲ ತೊಲೆಗೆ ಧಡಾರನೆ ಹಣೆ ಬಡಿಸಿಕೊಂಡ. ಹಿಂದೆಯೇ ಮಾವನೂ. ಎದುರುಪಕ್ಷದ ಮುದುಕಿ ಮಾತ್ರ ಅವರ ಕಡೆ ನೋಡುತ್ತಲೇ ಸರಾಗವಾಗಿ ಬಗ್ಗಿ ಒಳಗೆ ಹೋದಳಂತೆ. "ಹುಟ್ಟಿದ ಮನೆ ಹೀಗೆ ಹೊಡೀತದೇನಪ್ಪಾ?" ಎಂದು ಕೇಳಿ, ಮಾವ ಆತನ ಹಣೆಯ ಬಾವನ್ನು ವರದಿಯಲ್ಲಿ 'ನಿಂಬೆಕಾಯಿ ಗಾತ್ರ' ಎಂದು ನಮೂದಿಸಿದ. ತನ್ನದನ್ನು ಬರೆಯಲಿಲ್ಲ.

ಕಾಗದ ಏನು ಬೇಕಾದರೂ ಹೇಳಬಹುದು, ಮೈ ಮಾತ್ರ ಬಾಳಿದ ಮನೆಯನ್ನು ಮರೆಯುವುದಿಲ್ಲ ಎಂಬುದು ಅಂದಿನಿಂದ ಅವನ ಸಿದ್ಧಾಂತ. ಪುರಾವೆ ಎಲ್ಲಿ ಎಂದು ಕೇಳಿದೆ. "ಬಾ ಒಂದ್ಸಲ," ಎಂದ.

ಹಾಗೆ ಹೋದದ್ದು ಹೊಸಬಾಳೆ ಎಂಬ ಊರಿಗೆ. ಸುಡುಮಧ್ಯಾಹ್ನ. ಅಲ್ಲಿ ಮನೆಯೇ ಇರಲಿಲ್ಲ. ಒಂದು ಹುಣಸೆಮರ, ಮಟ್ಟಸವಾದ ಬಯಲು, ಕುರಿಹಿಕ್ಕೆ. ದಾವೆ ಹೂಡಿದವಳು ಒಬ್ಬ ವಿಧವೆ. ಗಂಡ ಸತ್ತಾಗ ತುಂಬುಬಸುರಿ. ಹೆರಿಗೆಗೆ ತವರಿಗೆ ಹೋಗಿ ಬರುವಷ್ಟರಲ್ಲಿ ಗಂಡನ ಅಣ್ಣ ಮನೆ ಕೆಡವಿ ನೆಲಸಮ ಮಾಡಿದ್ದನೆಂದು ಅವಳ ದೂರು. ಕೂಸನ್ನು ಕಟ್ಟಿಕೊಂಡು ಎಲ್ಲಿಗೆ ಹೋಗಬೇಕು?

"ಇಲ್ಲಿ ಎಲ್ಲಿತ್ತು ಸಾರ್ ಮನೆ? ಯಾವತ್ತಿಂದ್ಲೂ ಕುರಿ ತರುಬೋ ಜಾಗ," ಎಂದ ಆ ಭಾವ. ಪಂಚಾಯಿತಿ ಕಾಗದದಲ್ಲೂ ಬರೀ 'ಜಾಗ' ಎಂದೇ ಇತ್ತು.

ಮಾವ ಅವಳತ್ತ ತಿರುಗಿ, "ನಿಮ್ಮನೆ ಒಳಗೆ ಹೋಗಿ ಬರ್ರಿ ತಾಯಿ," ಎಂದ.

ನಾನು ನಕ್ಕೆ. ಅವಳು ನಗಲಿಲ್ಲ. ಬಯಲಿನಲ್ಲಿ ನೇರ ನಡೆದು, ಒಂದು ಕಡೆ ಕಾಲೆತ್ತಿ ಏನನ್ನೋ ದಾಟಿ, ಸೊಂಟದ ಕೂಸಿನ ನೆತ್ತಿಗೆ ಅಂಗೈ ಅಡ್ಡ ಹಿಡಿದು, ಬಗ್ಗಿ, ಎಡಕ್ಕೆ ತಿರುಗಿ ನಿಂತಳು. ಆ ಕೂಸು ಆ ಬಾಗಿಲನ್ನು ಕಂಡೇ ಇರಲಿಲ್ಲ.

"ಎಂಥ ನಾಟ್ಕ ಮಾಡ್ತೀಯೇ, ಬಾ ಈಚೆ," ಎಂದು ಭಾವ ರೇಗಿ ದಾಪುಗಾಲು ಹಾಕಿದ. ಅದೇ ಜಾಗಕ್ಕೆ ಬಂದಾಗ ಬಗ್ಗಿದ.

ಬಗ್ಗಿದ್ದು ಅವನಿಗೆ ಗೊತ್ತಾದದ್ದು ನೆಟ್ಟಗಾದ ಮೇಲೆ. ತಲೆಯ ಮೇಲಿನ ಗಾಳಿಯಲ್ಲಿ ಕೈಯಾಡಿಸಿದ. ಏನೂ ತಾಗಲಿಲ್ಲ. ಮಾವನೂ ನಾನೂ ಅವನ ಹಿಂದೆಯೇ ಹೋದೆವು. ಕುರಿಗಳೆಲ್ಲ ಮೇಯುವುದು ಬಿಟ್ಟು ಅತ್ತಲೇ ನೋಡುತ್ತಿದ್ದವು ಎಂದು ನನ್ನ ನೆನಪು. ಅಂದು ಅಲ್ಲಿ ಕುರಿಗಳಿದ್ದವೇ ಎಂದರೆ ಆಣೆ ಮಾಡಲಾರೆ.

ಮಾವನ ವರದಿ ಚಿಕ್ಕದು. ಈ ಜಾಗದಲ್ಲಿ ವಾದಿ ಬಗ್ಗಿದರು, ಪ್ರತಿವಾದಿಯೂ ಬಗ್ಗಿದರು ಎಂದು ಬರೆದು ನಕ್ಷೆಯಲ್ಲಿ ಗುರುತು ಹಾಕಿದ್ದ. ಕೊನೆಗೊಂದು ಸಾಲು: 'ನನ್ನ ಜೊತೆಗಿದ್ದ ಸೋದರಳಿಯನೂ ಬಗ್ಗಿದನು.'

ನಾನು ಜಗಳಕ್ಕೇ ನಿಂತೆ. "ನಾನ್ಯಾಕೆ ಬಗ್ಲಿ? ಆ ಮನೆ ಕಂಡೇ ಇಲ್ಲ ನಾನು."

"ನೀ ಬಗ್ಗಿದ್ದೆ ಕಣೋ. ನೋಡಿದ್ದು ಬರ್ದೀನಿ."

"ಹಂಗಾದ್ರೆ ನೀನು?"

"ನಾ ಎಲ್ಲ ಕಡೆ ಬಗ್ತೀನಲ್ಲ, ನನ್ನ ಸಾಕ್ಷಿ ನಡೆಯಲ್ಲ."

ಗಾಳಿಗೂ ಬಾಗಿಲಿರುತ್ತದೆಯೇ ಎಂದು ಎದುರು ವಕೀಲರು ಕೋರ್ಟನ್ನೇ ನಗಿಸಿದರಂತೆ. ಭಾವ ಮಾತ್ರ ನಗಲಿಲ್ಲ. ತಾನಾಗಿ ರಾಜಿಗೆ ಒಪ್ಪಿ ಜಾಗ ಬಿಟ್ಟುಕೊಟ್ಟ.

ಮಾವ ತೀರಿಕೊಂಡ ಮೇಲೆ ಅವಳು ಅಲ್ಲಿ ಮನೆ ಕಟ್ಟಲು ಪಾಯ ತೆಗೆಸಿದಳು. ಸುದ್ದಿ ಕೇಳಿ, ವರದಿಯ ಪ್ರತಿಯನ್ನೂ ಅಳತೆ ಟೇಪನ್ನೂ ಹಿಡಿದು ಹೋದೆ. ಅವಳು ಗುಂಡಿಯೊಳಗೆ ಕುಳಿತು ಏನನ್ನೋ ನೀರು ಹಾಕಿ ತೊಳೆಯುತ್ತಿದ್ದಳು. "ನಿಮ್ ಮಾವಾರು ಮೊದ್ಲು ದಾಟ್ಬೇಕಿತ್ತು," ಎಂದಳು.

ನಾನು ಅಂದು ಬಗ್ಗಿದೆನೋ ಇಲ್ಲವೋ ಇಂದಿಗೂ ಗೊತ್ತಿಲ್ಲ. ಹುಣಸೆಮರದಿಂದ ಅಳೆದು ನೋಡಿದೆ. ಮಾವ ಗುರುತು ಹಾಕಿದ್ದ ಕಡೆಯೇ ಅವಳು ತೊಳೆಯುತ್ತಿದ್ದ ಹೊಸ್ತಿಲ ಕಲ್ಲು ಇತ್ತು, ನಡುವೆ ಸವೆದು.